ಮೂರು ಆಕ್ಷೇಪ ಮತ್ತು ಒಂದು ಹಳಸಿದ ಕೊದ್ದೆಲ್

ಹಳೆಯ ಕಾಲದ ವೀರರಿಗೆ ಒಬ್ಬೊಬ್ಬರಿಗೆ ಒಂದೊಂದು ಆಯುಧವಿತ್ತಂತೆ. ಕೆಲವರಿಗೆ ಗದೆ, ಕೆಲವರಿಗೆ ಬಿಲ್ಲು, ಕೈಲಾಗದವರಿಗೆ ಶಾಪ. ಅಬುಧಾಬಿಯ ಖಾಲಿದಿಯಾದಲ್ಲಿ, ಲಿಫ್ಟು ಆಗಾಗ ಮುನಿಸಿಕೊಳ್ಳುವ ಹಳೆಯ ಕಟ್ಟಡದ ನಾಲ್ಕನೆಯ ಮಹಡಿಯಲ್ಲಿ ವಾಸವಾಗಿದ್ದ ಆಸ್ವಾಲ್ಡ್ ಪಿಂಟೊ ಎಂಬ ಮಹಾಪುರುಷರಿಗೆ ಇದ್ದ ಆಯುಧ ಒಂದೇ: ಎದುರಾಳಿಯ ಮಾತು.

ಯಾರು ಏನೇ ವಾದ ಹೂಡಲಿ, ಆಸ್ವಾಲ್ಡ್ ಕೂಡಲೇ ಉತ್ತರ ಕೊಟ್ಟವರಲ್ಲ. ಕಣ್ಣು ಅರ್ಧ ಮುಚ್ಚಿ, ಹೆಬ್ಬೆರಳನ್ನು ಕಿರುಬೆರಳಿನ ಬುಡಕ್ಕೆ ಒತ್ತಿ, “ನೀವು ಹೇಳುವುದು ಹೀಗೆ, ಅಲ್ವಾ?” ಎಂದು ಶುರು ಮಾಡುತ್ತಿದ್ದರು. ಆಮೇಲೆ ಎದುರಿನವನ ವಾದವನ್ನು ಅವನಿಗಿಂತ ಸೊಗಸಾಗಿ, ಅವನಿಗೇ ಹೊಳೆಯದ ಕಾರಣಗಳನ್ನೂ ಸೇರಿಸಿ, ಒಂದನೆಯದಾಗಿ ಎರಡನೆಯದಾಗಿ ಎಂದು ಒಂಬತ್ತರವರೆಗೆ ಒಯ್ಯುತ್ತಿದ್ದರು. ಅವನು ಬೆರಗಾಗಿ “ಹೌದು, ನಾನು ಹೇಳಿದ್ದು ಅದನ್ನೇ” ಎಂದು ಒಪ್ಪಿದ ಮೇಲೆಯೇ ಅವರ ಸ್ವಂತ ಮಾತು. ಅಷ್ಟರಲ್ಲಿ ಎದುರಾಳಿಯ ಕತ್ತಿ ಅವರ ಕೈಯಲ್ಲಿರುತ್ತಿತ್ತು, ಒರೆ ಮಾತ್ರ ಅವನ ಸೊಂಟದಲ್ಲಿ.

ಈ ಬಗ್ಗೆ ಪುರಾಣಗಳೇ ಹುಟ್ಟಿದ್ದವು. ಮೀನು ಮಾರುಕಟ್ಟೆಯಲ್ಲಿ ಒಮ್ಮೆ ಅಂಜಲ್ ಮೀನಿನ ಬೆಲೆ ಅಷ್ಟೇಕೆ ಎಂದು ಚೌಕಾಸಿ ನಡೆದಾಗ, ಆಸ್ವಾಲ್ಡ್ ಮೀನಿನವನ ಪರವಾಗಿ ಸಮುದ್ರದ ಗಾಳಿ, ಕರಗುವ ಐಸು, ಊರಿನಲ್ಲಿರುವ ತಾಯಿಯ ಮಂಡಿನೋವು ಎಲ್ಲವನ್ನೂ ವಿವರಿಸಿದ್ದರಂತೆ. ಆತ ಕಣ್ಣೊರೆಸಿಕೊಂಡು ಒಂದು ಮೀನು ಸುಮ್ಮನೆ ಕೊಟ್ಟನಂತೆ. ಅವರು ಕೆಲಸ ಮಾಡುತ್ತಿದ್ದದ್ದು ಪೀಠೋಪಕರಣ ಮಾರುವ ಕಂಪನಿಯೊಂದರ ದೂರು ವಿಭಾಗದಲ್ಲಿ. ಕಾಲು ಮುರಿದ ಸೋಫಾ ಹೊರಿಸಿಕೊಂಡು ಕಿರುಚುತ್ತಾ ಬಂದ ಗಿರಾಕಿಯೊಬ್ಬ ತನ್ನ ದೂರನ್ನು ಆಸ್ವಾಲ್ಡರ ಬಾಯಲ್ಲಿ ಕೇಳಿ, “ಇಷ್ಟು ದಿನ ನನ್ನನ್ನು ಯಾರೂ ಅರ್ಥ ಮಾಡಿಕೊಂಡಿರಲಿಲ್ಲ” ಎಂದು ಗದ್ಗದಿತನಾಗಿ, ಅದೇ ಸೋಫಾವನ್ನು ಮನೆಗೆ ವಾಪಸು ಹೊರಿಸಿಕೊಂಡು ಹೋದನೆಂದೂ ಕಥೆ.

ಪುರಾಣಕ್ಕೆ ಒಪ್ಪದವರು ಅವರ ಹೆಂಡತಿ ಎಮಿಲಿಯಾ ಒಬ್ಬರೇ. “ಮದುವೆಯಾದಲ್ಲಿಂದ ಒಂದು ಜಗಳವನ್ನೂ ನಾನು ಪೂರ್ತಿ ಆಡಲಿಲ್ಲ” ಎಂದು ಅವರು ಬಂದವರೆದುರು ಗೋಳಾಡುತ್ತಿದ್ದರು. “ನನ್ನ ಪಾಲಿನದ್ದನ್ನೂ ಇವರೇ ಆಡಿ ಮುಗಿಸ್ತಾರೆ. ಮತ್ತೆ ನನಗೆ ಉಳಿಯುದು ಅಡುಗೆಮನೆಗೆ ಹೋಗಿ ಪಾತ್ರೆ ಬಡಿಯುದು ಮಾತ್ರ.”

ಈ ವಿದ್ಯೆ ಬಂದದ್ದು ಮಂಗಳೂರಿನ ಸೆಮಿನರಿಯಿಂದ. ಕಿನ್ನಿಗೋಳಿಯ ಹುಡುಗ ಪಾದ್ರಿಯಾಗಲೆಂದು ಅಲ್ಲಿ ಸೇರಿ, ಏಳೆಂಟು ಶತಮಾನದ ಹಿಂದಿನ ಯೂರೋಪಿನ ಸನ್ಯಾಸಿಗಳ ತತ್ವಶಾಸ್ತ್ರ ಓದಿದ. ಆ ಸನ್ಯಾಸಿಗಳ ಕ್ರಮವೇ ಹಾಗೆ: ಮೊದಲು ಎದುರು ಪಕ್ಷದ ಆಕ್ಷೇಪಗಳು, ಅದೂ ಬಡಕಲು ಮಾಡದೆ, ಮೈತುಂಬಿಸಿ, ಆಮೇಲೆ ತನ್ನ ಉತ್ತರ. ಪಾದ್ರಿ ಪಟ್ಟಕ್ಕೆ ಸ್ವಲ್ಪ ಮುಂಚೆ ಆಸ್ವಾಲ್ಡ್ ಸೆಮಿನರಿ ಬಿಟ್ಟರು. ಬಿಷಪರೊಡನೆ ಮೂರು ದಿನ ವಾದವಾಯಿತೆಂದು ಪುರಾಣ. ಎಮಿಲಿಯಾ ಅವರನ್ನು ಕೇಳಿದರೆ, “ನನ್ನ ಅಕ್ಕನ ಮದುವೆಗೆ ಹಾಡ್ಲಿಕ್ಕೆ ಬಂದಿದ್ದರು, ನಾನು ಹಳದಿ ಸೀರೆ ಉಟ್ಟಿದ್ದೆ” ಎನ್ನುತ್ತಿದ್ದರು.

ಪುರಾಣಕ್ಕೆ ವ್ಯಾಸಪೀಠ ಹಾಕಿದವನು ರಘುನಂದನ. ಮೈಸೂರಿನವನು, ಸಾಫ್ಟ್‌ವೇರ್ ಕೆಲಸ, ನಲವತ್ತರ ಸುಮಾರು, ಕನ್ನಡ ಸಂಘದ ಕಾರ್ಯದರ್ಶಿ. ಸಂಜೆ ಬಿಸಿಲು ತಗ್ಗಿದ ಮೇಲೆ ಸಮುದ್ರದಂಡೆಯ ಕಾರ್ನಿಶ್‌ನಲ್ಲಿ ಆಸ್ವಾಲ್ಡರ ಜತೆ ನಡೆಯುವುದು ಅವನ ಪಾಲಿಗೆ ಗುರುಕುಲವಾಸ. ಅವನಿಗೆ ಗುರುಗಳ ಹೆಜ್ಜೆ ನಿಧಾನವಾದರೂ ಮಹತ್ವದ್ದು, ಕೆಮ್ಮಿದರೂ ಅರ್ಥವುಳ್ಳದ್ದು.

“ರಾಜ ಅಂದರೆ ಯಾರು ಅಂತ ಮೊದಲು ಗಟ್ಟಿಯಾಗಿ ಕೇಳಿದ್ದು ಬಂಡುಕೋರರಲ್ಲ ಮಾರಾಯ್ರೆ, ಮಠದಲ್ಲಿ ಗಂಜಿ ಕುಡಿಯುತ್ತಿದ್ದವರು” ಎನ್ನುತ್ತಿದ್ದರು ಆಸ್ವಾಲ್ಡ್. “ಅವರಲ್ಲಿ ಒಬ್ಬ ದಪ್ಪ ಸನ್ಯಾಸಿ. ಹೊಟ್ಟೆಗೆ ಜಾಗವಾಗಲಿ ಅಂತ ಊಟದ ಮೇಜನ್ನೇ ಅರ್ಧಚಂದ್ರದ ಹಾಗೆ ಕೊರೆದಿದ್ದರು ಅಂತ ಕಥೆ ಉಂಟು. ಆತನ ಲೆಕ್ಕ ಹೀಗೆ: ಕಾನೂನು ವಿವೇಕದಿಂದ ಹುಟ್ಟಬೇಕು, ಎಲ್ಲರ ಒಳಿತಿಗೆ ಇರಬೇಕು, ಎಲ್ಲರಿಗೂ ಮೊದಲೇ ತಿಳಿಸಿರಬೇಕು. ಒಂದು ತಪ್ಪಿದರೂ ಅದು ಕಾನೂನಲ್ಲ, ದಬ್ಬಾಳಿಕೆ. ಜನರ ಹೊಟ್ಟೆ ಬಿಟ್ಟು ತನ್ನ ಹೊಟ್ಟೆ ನೋಡಿಕೊಳ್ಳುವ ರಾಜ ರಾಜನೇ ಅಲ್ಲ.”

“ಆಗಿನ ರಾಜರು ಸುಮ್ಮನಿದ್ರಾ ಸಾರ್?”

“ಎಲ್ಲಿ ಸುಮ್ಮನೆ? ಅತ್ತ ಪೋಪು, ಇತ್ತ ಚಕ್ರವರ್ತಿ. ಇಬ್ಬರಿಗೂ ಪೂರ್ತಿ ಅಧಿಕಾರ ಬೇಕು. ಒಬ್ಬರು ಇನ್ನೊಬ್ಬರನ್ನು ನುಂಗಲಿಕ್ಕೆ ಆಗಲಿಲ್ಲ. ಆ ಎಳೆದಾಟದ ಸಂದಿಯಲ್ಲಿ ನಿಮ್ಮ ನಮ್ಮಂಥವರಿಗೆ ಉಸಿರಾಡಲು ಒಂಚೂರು ಜಾಗ ಸಿಕ್ಕಿತು. ಎಲ್ಲರಿಗೂ ತಟ್ಟುವ ವಿಷಯಕ್ಕೆ ಎಲ್ಲರ ಒಪ್ಪಿಗೆ ಬೇಕು ಅಂತ ಚರ್ಚಿನ ವಕೀಲರು ಎತ್ತಿ ಹಿಡಿದದ್ದು ಆಮೇಲೆ ಪಾರ್ಲಿಮೆಂಟುಗಳ ಬಾಯಿಗೂ ಬಂತು.”

“ಅಷ್ಟು ಚೆನ್ನಾಗಿ ಹೇಳಿದವರೇ ಜನರನ್ನ ಕಂಬಕ್ಕೆ ಕಟ್ಟಿ ಸುಡಿಸಿದ್ದು ಅಲ್ವಾ ಸಾರ್?”

“ಹೌದು. ಅದೂ ಅವರೇ” ಎಂದು ಆಸ್ವಾಲ್ಡ್ ಸಮುದ್ರದ ಕಡೆ ನೋಡಿದರು. ಅದಕ್ಕೆ ಅವರಲ್ಲಿ ಮೊದಲನೆಯದಾಗಿ ಎರಡನೆಯದಾಗಿ ಇರಲಿಲ್ಲ.

ರಘುನಂದನನಿಗೆ ಇದನ್ನೆಲ್ಲ ಕೇಳುವಾಗ ಒಬ್ಬನೇ ರಾಜನ ಮುಖ ಕಣ್ಣೆದುರು ಬರುತ್ತಿತ್ತು. ಆ ರಾಜ ಸಂಘದ ಅಧ್ಯಕ್ಷ ದ್ವಾರಕನಾಥ.

ದ್ವಾರಕನಾಥರಿಗೆ ದುಬೈಯಲ್ಲಿ ಕೂಲಿಯಾಳುಗಳನ್ನು ಒದಗಿಸುವ, ಅವರಿಗೆ ಊಟ ಹಾಕುವ ಕಂಪನಿಯಿತ್ತು. ಅಲ್ಲಿನ ಮುಹೈಸ್ನಾದ ಒಂದು ಕಾರ್ಮಿಕರ ಕ್ಯಾಂಪಿನಲ್ಲಿ ಮೆಸ್ಸು, ಅಬುಧಾಬಿಯ ಮೊಹಮ್ಮದ್ ಬಿನ್ ಜಾಯೆದ್ ಸಿಟಿಯಲ್ಲಿ ವಿಲ್ಲಾ. ಪ್ರತಿ ವರ್ಷ ಅವರು ಅವಿರೋಧವಾಗಿ ಆಯ್ಕೆಯಾಗುತ್ತಿದ್ದರು, ಏಕೆಂದರೆ ವಿರೋಧಿಸಬೇಕಾದವರೆಲ್ಲ ಅವರಿಂದ ಏನಾದರೊಂದು ಉಪಕಾರ ಪಡೆದಿದ್ದರು. ರಘುನಂದನನ ಮಗ ಅನಿಕೇತನಿಗೆ ಶಾಲೆಯಲ್ಲಿ ಸೀಟು ಕೊಡಿಸಿದವರೂ ಅವರೇ. ಅವರು ಬರುವ ಮೊದಲೇ ಅವರ ಊದ್ ಅತ್ತರು ಬಂದು ಕುರ್ಚಿ ಹಿಡಿಯುತ್ತಿತ್ತು. ಭಾಷಣದ ಹಾಳೆ ತಿರುವಲು ಹೆಬ್ಬೆರಳನ್ನು ನಾಲಿಗೆಯ ಮೇಲೆ ನಿಧಾನವಾಗಿ ಉಜ್ಜಿಕೊಂಡು, ಅದೇ ಹೆಬ್ಬೆರಳಿಂದ ಮಕ್ಕಳ ಹಣೆಗೆ ಕುಂಕುಮ ಹಚ್ಚುತ್ತಿದ್ದರು. ಯಾರಾದರೂ ವಿಸಿಟಿಂಗ್ ಕಾರ್ಡು ಕೊಟ್ಟರೆ ಅದರ ಮೂಲೆಯಿಂದ ಹಲ್ಲಿನ ಸಂದು ಕೆದಕಿ, ಸಿಕ್ಕಿದ್ದನ್ನು ಒಮ್ಮೆ ಪರೀಕ್ಷಿಸಿ, ಕಾರ್ಡನ್ನು ಎದೆಯ ಜೇಬಿಗೆ ಇಟ್ಟುಕೊಂಡು “ನಿಮ್ಮನ್ನ ಹೃದಯದಲ್ಲಿ ಇಟ್ಕೊಂಡಿದ್ದೀನಿ” ಎನ್ನುತ್ತಿದ್ದರು. ಇಂಥವರಿಗೆ ಸಂಘ ವರ್ಷಕ್ಕೊಂದು ಶಾಲು ಹೊದಿಸುತ್ತಿತ್ತು. ಚಪ್ಪಾಳೆ ತಟ್ಟುವವರ ಸಾಲಿನಲ್ಲಿ ರಘುನಂದನನೂ ಇರುತ್ತಿದ್ದ. ಮನೆಗೆ ಬಂದು ಎರಡೆರಡು ಸಲ ಕೈ ತೊಳೆಯುತ್ತಿದ್ದ, ಅಷ್ಟೆ.

ಆ ವರ್ಷದ ವಾರ್ಷಿಕೋತ್ಸವಕ್ಕೆ ಅಧ್ಯಕ್ಷರಿಗೊಂದು ದಿವ್ಯ ಕಲ್ಪನೆ ಹೊಳೆಯಿತು. ದೀಪ ಬೆಳಗುವುದು ಹಳತಾಯಿತು, ಬಲೂನು ಬಿಡುವುದು ಎಲ್ಲರೂ ಮಾಡುತ್ತಾರೆ. ಈ ಸಲ ಪಾತ್ರೆ ಉದ್ಘಾಟನೆ. ಮುಹೈಸ್ನಾದ ಮೆಸ್ಸಿನಲ್ಲಿ ಬೆಳಗಿನ ಜಾವ ಅಡುಗೆಯಾಗಬೇಕು. ದೊಡ್ಡ ಹಂಡೆಗಳಿಗೆ ಮುಚ್ಚಳ ಬಿಗಿದು, ಕೆಂಪು ಹಳದಿ ರಿಬ್ಬನ್ ಕಟ್ಟಿ, ಮೇಲೆ ಅಧ್ಯಕ್ಷರ ಚಿತ್ರ ಅಂಟಿಸಿ ಅಬುಧಾಬಿಗೆ ತರಬೇಕು. ಭಾಷಣಗಳೆಲ್ಲ ಮುಗಿದ ಮೇಲೆ ಅಧ್ಯಕ್ಷರು ಕ್ಯಾಮೆರಾಗಳ ಎದುರು ರಿಬ್ಬನ್ ಕತ್ತರಿಸಬೇಕು.

“ಅಲ್ಲೀವರೆಗೆ ಯಾರೂ ಮುಚ್ಚಳ ತೆಗೀಬಾರ್ದು, ಉಪ್ಪು ನೋಡೋ ಹಾಗೂ ಇಲ್ಲ” ಎಂದು ಅವರು ರಘುನಂದನನಿಗೆ ಅಪ್ಪಣೆ ಮಾಡಿದರು. “ನಮ್ಮ ಮನೆಗಳಲ್ಲಿ ನೈವೇದ್ಯಕ್ಕೆ ಮುಂಚೆ ರುಚಿ ನೋಡ್ತಾರೇನ್ರೀ? ಮೂಸಿದ್ರೂ ಮೈಲಿಗೆ.”

ನೈವೇದ್ಯ ಯಾವ ದೇವರಿಗೆ ಎಂದು ರಘುನಂದನ ಕೇಳಲಿಲ್ಲ. ದೇವರು ಎದುರಿಗೇ ಕೂತು ಕಾರ್ಡಿನಿಂದ ಹಲ್ಲು ಕೆದಕುತ್ತಿದ್ದ. ಆ ದೇವರು ಹೇಳಿದ್ದನ್ನೇ ರಘುನಂದನ ಸೂಚನೆಯಾಗಿ ಬರೆದು ಸಂಘದ ಗುಂಪಿಗೆ ಕಳುಹಿಸಿದ.

ಮೆಸ್ಸಿನ ಅಡುಗೆಯವನು ಶೀನಪ್ಪ, ಕಾರ್ಕಳದ ಕಡೆಯವನು, ಐವತ್ತು ದಾಟಿದವನು. ಬಂಕು ಮಂಚಗಳ ಹತ್ತೊಂಬತ್ತು ಕೋಣೆಗಳಿಗೆ ಊಟ ಹಾಕಿ ಬೆನ್ನು ಬಾಗಿದವನು. ಅವನ ವೀಸಾ ದ್ವಾರಕನಾಥರ ಕಂಪನಿಯದು. ಊರಿನಲ್ಲಿ ಮಗಳು ಯಶ್ಮಿತಾಳ ನರ್ಸಿಂಗ್ ಓದು ಇನ್ನೂ ಒಂದು ವರ್ಷ ಬಾಕಿ ಇತ್ತು. ಅದೊಂದು ಮುಗಿದರೆ ತಾನು ಊರಿಗೆ ಹೋಗಿ ಕಾಲು ಚಾಚುತ್ತೇನೆ ಎಂದು ಅವನು ಎಲ್ಲರಿಗೂ ಹೇಳಿಕೊಂಡಿದ್ದ. ವಾರ್ಷಿಕೋತ್ಸವಕ್ಕೆ ಅವನು ಮಾಡಿದ್ದು ಮಂಗಳೂರು ಸೌತೆಯ ಕೊದ್ದೆಲ್. ಹುರಿದ ಮಸಾಲೆಗೆ ತೆಂಗಿನಕಾಯಿ ಅರೆದು ಹಾಕುವ ಹುಳಿ ಅದು. ಒಳ್ಳೆಯದಾದರೆ ಸ್ವರ್ಗ, ಕೆಟ್ಟರೆ ತೆಂಗಿನಕಾಯಿಗಿಂತ ಹೇಸಿಗೆಯಾಗಿ ಕೆಡುವ ವಸ್ತು ಇನ್ನೊಂದಿಲ್ಲ.

ಬೆಳಿಗ್ಗೆ ಫೋನಿನಲ್ಲಿ ಮೂವರು ಒಟ್ಟಿಗಿದ್ದರು: ಅಧ್ಯಕ್ಷರು, ಶೀನಪ್ಪ, ವ್ಯವಸ್ಥೆ ಕೇಳಿಕೊಳ್ಳಲು ರಘುನಂದನ.

“ಧಣಿ, ಕಾಯಿ ಅರೆದು ಹಾಕಿದ್ದು. ಬಿಸಿ ಇರುವಾಗ ಮುಚ್ಚಿ ಕಟ್ಟಿದರೆ ಹಳಸ್ತದೆ. ಮುಚ್ಚಳ ಸ್ವಲ್ಪ ಓರೆ ಇಡ್ತೇನೆ” ಎಂದ ಶೀನಪ್ಪ.

“ಏಯ್ ಶೀನಪ್ಪ, ನೀನು ಸೌಟು ಆಡ್ಸು. ಯೋಚ್ನೆ ಮಾಡೋಕೆ ನಾನಿದ್ದೀನಿ. ಓರೆ ಇಟ್ರೆ ರಿಬ್ಬನ್ ಹೆಂಗೆ ನಿಲ್ಲುತ್ತೆ? ಬಿಗಿದು ಕಟ್ಟು. ಯಲ್ಲಾ, ಖಲಾಸ್.”

ರಘುನಂದನ ಕೆಮ್ಮಿ, ಫೋನು ಇಟ್ಟ.

ಅಕ್ಟೋಬರಿನ ಬಿಸಿಲಿನಲ್ಲಿ ಹಂಡೆಗಳು ಹೆದ್ದಾರಿಯಲ್ಲಿ ಬಂದವು. ಸಭಾಂಗಣದ ಹಿಂದಿನ ಶೆಡ್ಡಿನಲ್ಲಿ ಕಿರೀಟ ತೊಟ್ಟ ವೇಷಗಳ ಹಾಗೆ ರಿಬ್ಬನ್ ಕಟ್ಟಿಕೊಂಡು ಕೂತವು. ಒಳಗೆ ಸ್ವಾಗತ, ಪ್ರಾಸ್ತಾವಿಕ, ಸನ್ಮಾನ, ಪ್ರತಿಸನ್ಮಾನ. ಅಧ್ಯಕ್ಷರ ಭಾಷಣ ಮುಗಿಯಿತು ಎಂದು ಜನ ಎರಡು ಸಲ ಎದ್ದು ಎರಡು ಸಲ ಕೂತರು. ಕೊನೆಗೆ ತಮಟೆಯೊಂದಿಗೆ ಉದ್ಘಾಟನೆ. ಕತ್ತರಿ ಆಡಿತು, ಮುಚ್ಚಳ ಎದ್ದಿತು. ಒಳಗಿಂದ ಬಂದದ್ದು ಆವಿಯಲ್ಲ, ನಿಟ್ಟುಸಿರು. ಬುಸ್ ಎಂದು ಒಂದು ಬುರುಗು ಮೇಲೆದ್ದು, ಅಂಚಿನಲ್ಲಿ ಗುಳ್ಳೆಯೊಡೆದು, ಕೆಳಗಿಳಿಯಿತು. ಒದ್ದೆ ಚಾಪೆಯನ್ನು ವಾರಗಟ್ಟಲೆ ಮಡಿಸಿಟ್ಟರೆ ಬರುವ ವಾಸನೆಗೆ ಮೆಣಸು ಬೆರೆಸಿದ ಹಾಗೆ. ಸೌಟು ಎತ್ತಿದಾಗ ಅದರ ತುದಿಯಿಂದ ಹಂಡೆಯವರೆಗೆ ತೆಳ್ಳನೆಯ ಒಂದು ನೂಲು ಎಳೆಯಾಗಿ ತೂಗಿತು. ಅಧ್ಯಕ್ಷರು ಸೌಟನ್ನು ತುಟಿಯ ಹತ್ತಿರ ಹಿಡಿದು, ಕ್ಯಾಮೆರಾಗಳಿಗೆ ನಕ್ಕು, ತಿನ್ನದೆ ಕೆಳಗಿಟ್ಟರು. ಆಮೇಲೆ ಅತಿಥಿಗಳೊಂದಿಗೆ ಎಸಿ ಕೋಣೆಗೆ ಹೋದರು; ಅಲ್ಲಿಗೆ ಹೋಟೆಲಿನ ಊಟ ಬೇರೆ ಬಂದಿತ್ತು.

ಉಳಿದವರು ತಿಂದರು. ಹಸಿದಿದ್ದರು ಎಂಬುದು ಒಂದು ಕಾರಣ. ಇನ್ನೊಂದು ಕಾರಣ ಕನ್ನಡನಾಡಿನ ಏಕೀಕರಣಕ್ಕೆ ಸಂಬಂಧಿಸಿದ್ದು. ಮೈಸೂರು ಬೆಂಗಳೂರಿನವರು ಇದು ಕರಾವಳಿಯ ರುಚಿಯಿರಬೇಕು, ಏನಾದರೂ ಅಂದರೆ ಅವರಿಗೆ ಬೇಜಾರಾದೀತು ಎಂದುಕೊಂಡರು. ಕರಾವಳಿಯವರು ಘಟ್ಟದ ಮೇಲಿನವರಿಗಾಗಿ ಹೀಗೆ ಏನೋ ಹಾಕಿ ಕೆಡಿಸಿದ್ದಾರೆ, ಅಂದರೆ ಮರ್ಯಾದೆಯಲ್ಲ ಎಂದುಕೊಂಡರು. ಎರಡೂ ಸೀಮೆಯವರು ಪರಸ್ಪರ ಗೌರವದಿಂದ ಹಳಸಲನ್ನು ನುಂಗಿದರು.

“ಮಮ್ಮಿ, ದಿಸ್ ಈಸ್ ಡಿಸ್ಗಸ್ಟಿಂಗ್” ಎಂದ ರಘುನಂದನನ ಮಗ ಅನಿಕೇತ. ಇಡೀ ಸಭಾಂಗಣದಲ್ಲಿ ಸತ್ಯ ಹೇಳಿದವನು ಅವನೊಬ್ಬನೇ, ಅದೂ ಇಂಗ್ಲಿಷಿನಲ್ಲಿ.

“ಸುಮ್ನೆ ತಿನ್ನು. ಅವರ ಕಡೆ ಹೀಗೇ ಮಾಡೋದು” ಎಂದು ಅವನ ತಾಯಿ ಪ್ರಾರ್ಥನಾ ಗದರಿಸಿದಳು. ಅವಳ ಮುಖ ಆಗಲೇ ಹಸಿರಾಗಿತ್ತು.

ಸಾಂಸ್ಕೃತಿಕ ಕಾರ್ಯಕ್ರಮದ ಮೂರನೆಯ ನೃತ್ಯದ ಹೊತ್ತಿಗೆ ಫಲ ಕಾಣಿಸಿತು. ಮೊದಲು ಹಿಮ್ಮೇಳದವರು ಎದ್ದರು, ಆಮೇಲೆ ಮೊದಲ ಸಾಲು, ಆಮೇಲೆ ಸಾಲುಗಳ ಲೆಕ್ಕವೇ ಉಳಿಯಲಿಲ್ಲ. ಶೌಚಾಲಯದ ಬಾಗಿಲಲ್ಲಿ ಸನ್ಮಾನಿತರೂ ಸನ್ಮಾನಿಸಿದವರೂ ಒಂದೇ ಸರತಿಯಲ್ಲಿ ನಿಂತರು. ಒಬ್ಬರು ಹೊದ್ದಿದ್ದ ಶಾಲನ್ನು ತುರ್ತಿಗೆ ಬಳಸಿದರೆಂದು ಕೇಳಿಬಂತು. ಅದನ್ನು ವಿವರಿಸಲು ಈ ಲೇಖನಿಗೆ ಧೈರ್ಯವಿಲ್ಲ. ಯಾರಿಗೂ ಜೀವಕ್ಕೆ ತೊಂದರೆಯಾಗಲಿಲ್ಲ. ಮರ್ಯಾದೆಗೆ ಆದದ್ದು ಬೇರೆ.

ಅಧ್ಯಕ್ಷರು ಎಸಿ ಕೋಣೆಯಿಂದ ಸ್ವಸ್ಥ ಹೊಟ್ಟೆಯೊಂದಿಗೆ ಹೊರಬಂದು, ಎಲ್ಲರೆದುರು ಶೀನಪ್ಪನ ಅಂಗಿಯ ಕಾಲರು ಹಿಡಿದರು. “ನಿನ್ನೆಯ ಕಾಯಿ ರುಬ್ಬಿ ಹಾಕಿದ್ಯಾ ನನ್ಮಗನೇ? ನಾಳೆ ನಿನ್ನ ವೀಸಾ ಕ್ಯಾನ್ಸಲ್. ಸಂಜೆ ಕಮಿಟಿ ತೀರ್ಮಾನ ಮಾಡುತ್ತೆ, ಆಮೇಲೆ ನೀನು ಊರಿಗೆ.” ಕಾಲರು ಬಿಟ್ಟು, ಶೀನಪ್ಪನ ಹೆಗಲಿಗೇ ಕೈ ಒರೆಸಿಕೊಂಡರು.

ಸಂಜೆ ಕಮಿಟಿ ಸಭೆ ವಿಲ್ಲಾದಲ್ಲಿ. ಖಾಲಿದಿಯಾದಿಂದ ಆಸ್ವಾಲ್ಡರನ್ನು ಕಾರಿನಲ್ಲಿ ಕರೆದುಕೊಂಡು ಹೊರಟ ರಘುನಂದನ ದಾರಿಯಲ್ಲಿ ಬೆಳಗಿನ ಫೋನಿನ ಮಾತನ್ನೆಲ್ಲ ಹೇಳಿದ. ಆಸ್ವಾಲ್ಡ್ ಕಮಿಟಿಯ ಹಿರಿಯ ಸದಸ್ಯ. ಎಷ್ಟೋ ವರ್ಷದಿಂದ ಅಲ್ಲಿ ಕೂತಿದ್ದರೂ ಮಾತಾಡಿದ್ದು ಕಡಿಮೆ.

“ಸಭೆಯಲ್ಲಿ ಇದನ್ನು ಹೇಳ್ತೀರಾ?” ಎಂದು ಕೇಳಿದರು ಆಸ್ವಾಲ್ಡ್.

ರಘುನಂದನ ಸಿಗ್ನಲ್ಲಿನ ಕಡೆ ನೋಡಿದ. “ಅನಿಕೇತನ ಸೀಟು... ಮುಂದಿನ ವರ್ಷ ಚಿಕ್ಕ ಮಗಳದ್ದೂ ಇದೆ ಸಾರ್.” ಹೇಳಿದ ಮೇಲೆ ತನ್ನ ಬಾಯಿಂದಲೇ ಆ ಕೊದ್ದೆಲಿನ ವಾಸನೆ ಬಂದಂತಾಯಿತು ಅವನಿಗೆ.

“ಹಾಗಾದರೆ ಬೇಡ” ಎಂದರು ಆಸ್ವಾಲ್ಡ್. “ಆಡಿದವನ ಬಾಯಿಂದಲೇ ಬರಲಿ.” ಕರವಸ್ತ್ರ ತೆಗೆದು ಹಣೆ ಒರೆಸಿಕೊಂಡರು. ಕಾರಿನಲ್ಲಿ ಎಸಿ ಜೋರಾಗಿಯೇ ಇತ್ತು. ಮಹಾಯುದ್ಧಕ್ಕೆ ಮುಂಚೆ ವೀರರು ಬೆವರುವುದು ಸಹಜ ಎಂದುಕೊಂಡ ಶಿಷ್ಯ.

ವಿಲ್ಲಾದ ಮಜ್ಲಿಸ್ಸೆಂಬ ಅತಿಥಿಗಳ ಹಜಾರದಲ್ಲಿ ಚಿನ್ನದ ಬಣ್ಣದ ಸೋಫಾಗಳು, ಗೋಡೆ ತುಂಬ ಅಧ್ಯಕ್ಷರು ಅಧ್ಯಕ್ಷರಿಗೆ ಕೈಮುಗಿಯುವಂತಿದ್ದ ಫೋಟೋಗಳು. ಕಮಿಟಿಯವರು ಸೋಫಾದ ಅಂಚಿನಲ್ಲಷ್ಟೇ ಕೂತಿದ್ದರು, ಒರಗುವ ಧೈರ್ಯ ಯಾರಿಗೂ ಇರಲಿಲ್ಲ. ಕೆಳಗೆ ಇದ್ದದ್ದು ಅತಿಥಿಗಳ ಶೌಚಾಲಯ ಒಂದೇ, ಮೇಲಿನವು ಮನೆಯವರಿಗೆ. ಪ್ರತಿ ಐದು ನಿಮಿಷಕ್ಕೊಬ್ಬರು ಎದ್ದು ಹೋಗುತ್ತಿದ್ದರು, ಗೋಡೆಯಾಚೆಯಿಂದ ಬರುವ ಸದ್ದಿಗೆ ಉಳಿದವರು ಫ್ಯಾನು ನೋಡುತ್ತಿದ್ದರು. ಶೀನಪ್ಪ ಬಾಗಿಲ ಬಳಿ, ಚಪ್ಪಲಿ ಸ್ಟ್ಯಾಂಡಿಗೆ ಒತ್ತಿಕೊಂಡು ನಿಂತಿದ್ದ. ಆಸ್ವಾಲ್ಡರನ್ನು ಕಂಡು, ಊರಿನಲ್ಲಿ ಕ್ರೈಸ್ತರನ್ನು ಮರ್ಯಾದೆಯಿಂದ ಕರೆಯುವ ಹಾಗೆ “ಪೊರ್ಬುಗಳೇ” ಎಂದು ಮಾತ್ರ ಅಂದ.

ಅಧ್ಯಕ್ಷರು ಖರ್ಜೂರ ಅಗಿಯುತ್ತಾ ಬೀಜವನ್ನು ಅಂಗೈಗೆ ಉಗುಳಿದರು. “ನೋಡಿ, ಚರ್ಚೆ ಏನಿಲ್ಲ. ಅಡುಗೆಯವನು ತಪ್ಪು ಮಾಡಿದ್ದಾನೆ, ಅವನನ್ನ ಕಳಿಸ್ತೀನಿ. ನೀವು ಒಂದು ಠರಾವು ಪಾಸ್ ಮಾಡಿ, ಅಷ್ಟೆ.”

ಖಜಾಂಚಿ ಜಲಜಾಕ್ಷಿ ಮೂಗಿಗೆ ಸೆರಗು ಒತ್ತಿ ಕೂತಿದ್ದಳು. ಆಗ ಆಸ್ವಾಲ್ಡ್ ಕಣ್ಣು ಅರ್ಧ ಮುಚ್ಚಿದರು. ಹೆಬ್ಬೆರಳು ಕಿರುಬೆರಳಿನ ಬುಡಕ್ಕೆ ಹೋಯಿತು. ರಘುನಂದನನ ಮೈ ಜುಮ್ಮೆಂದಿತು.

“ಅಧ್ಯಕ್ಷರೇ, ನೀವು ಹೇಳುವುದು ಹೀಗೆ, ಅಲ್ವಾ? ಒಂದನೆಯದಾಗಿ, ಸಂಘ ಅಂದರೆ ಒಂದು ದೇಹ. ದೇಹಕ್ಕೆ ತಲೆ ಒಂದೇ. ಕೈಕಾಲು ಎಲ್ಲ ಯೋಚನೆ ಮಾಡಲಿಕ್ಕೆ ಹೊರಟರೆ ಮನುಷ್ಯ ಎರಡು ಹೆಜ್ಜೆಯೂ ನಡೆಯುವುದಿಲ್ಲ. ಈ ಸಂಘಕ್ಕೆ ತಲೆ ನೀವು.”

ಖರ್ಜೂರದ ದವಡೆ ನಿಂತಿತು. “ಆಹಾ! ಅದೇ ರೀ ನಾನು ಹೇಳ್ತಾ ಇರೋದು!” ಎಂದರು ಅಧ್ಯಕ್ಷರು. ಅವರು ಅದನ್ನು ಹೇಳಿರಲಿಲ್ಲ.

“ಎರಡನೆಯದಾಗಿ, ಇಲ್ಲಿ ನಿಮ್ಮ ಅಪ್ಪಣೆ ಇಲ್ಲದೆ ಒಂದು ಕುರ್ಚಿಯೂ ಸರಿಯುವುದಿಲ್ಲ. ದೀಪದ ಬತ್ತಿಯಿಂದ ಹಂಡೆಯ ಮುಚ್ಚಳದವರೆಗೆ ಎಲ್ಲ ನಿಮ್ಮದೇ ಯೋಜನೆ. ಹಾಗಾಗಿಯೇ ಸಂಘ ಇಷ್ಟು ವರ್ಷ ನಿಂತದ್ದು. ಪಾತ್ರೆ ಉದ್ಘಾಟನೆಯಂಥ ಕಲ್ಪನೆ ಬೇರೆ ಯಾರ ತಲೆಗೂ ಬರಲಿಕ್ಕಿಲ್ಲ.”

“ಬರಲ್ಲ! ರಿಬ್ಬನ್ ಬಣ್ಣ ಕೂಡ ನಾನೇ ಹೇಳಿದ್ದು.”

ಆಸ್ವಾಲ್ಡ್ ಮತ್ತೆ ಹಣೆ ಒರೆಸಿಕೊಂಡರು. ಎಂದಿಗಿಂತ ವೇಗವಾಗಿ ಮಾತಾಡುತ್ತಿದ್ದರು. “ಮೂರನೆಯದಾಗಿ, ಅಡುಗೆಯವನಿಗೆ ಈ ವಿಷಯದಲ್ಲಿ ಸ್ವಂತ ಬುದ್ಧಿ ಉಪಯೋಗಿಸುವ ಹಕ್ಕಿಲ್ಲ. ಮುಚ್ಚಳ ಓರೆ ಇಡ್ತೇನೆ ಅಂತ ಅವನೇನಾದರೂ ಅಂದಿದ್ದರೂ, ನೀವು ಅವನ ಬಾಯಿ ಮುಚ್ಚಿಸುತ್ತಿದ್ದಿರಿ. ಮುಚ್ಚಿಸಲೇಬೇಕು. ತಲೆಯ ಧರ್ಮ ಅದು.”

“ಅಂದಿದ್ದರೂ ಏನ್ರೀ, ಅಂದ!” ಅಧ್ಯಕ್ಷರು ಸೋಫಾ ಗುದ್ದಿದರು. ಬೀಜ ಅಂಗೈಯಿಂದ ಹಾರಿ ಜಮಖಾನೆಯ ಮೇಲೆ ಬಿತ್ತು. “ಹಳಸುತ್ತೆ ಧಣಿ ಅಂತ ನಂಗೇ ಪಾಠ ಹೇಳೋಕೆ ಬಂದ. ನೀನು ಸೌಟು ಆಡ್ಸು, ಯೋಚ್ನೆ ಮಾಡೋಕೆ ನಾನಿದ್ದೀನಿ ಅಂದೆ. ಬಿಗಿದು ಕಟ್ಸಿದೆ. ಹಂಗಿರಬೇಕು ಶಿಸ್ತು!”

ಶೌಚಾಲಯದಲ್ಲಿ ಕೂಡ ಆ ಗಳಿಗೆ ಸದ್ದಡಗಿತು.

“ಸರಿ” ಎಂದರು ಆಸ್ವಾಲ್ಡ್. “ನನ್ನದು ಒಂದೇ ಮಾತು. ಊಟ ಕೆಟ್ಟರೆ ಸೌಟಿಗೆ ಯಾರೂ ಹೊಡೆಯುವುದಿಲ್ಲ. ಶೀನಪ್ಪನಿಗೆ ಯೋಚಿಸುವ ಹಕ್ಕು ಇರಲಿಲ್ಲ ಅಂದರೆ ತಪ್ಪು ಮಾಡುವ ಹಕ್ಕೂ ಇರಲಿಲ್ಲ. ಆ ಮುಚ್ಚಳ ಕಟ್ಟಿದ ಕೈ ನಿಮ್ಮದು. ಅಲ್ಲ, ಅವನಿಗೆ ಹಕ್ಕಿತ್ತು ಅಂತೀರಾ, ಆಗ ಅವನ ಮಾತು ನಡೆಯಬೇಕಿತ್ತು, ಈ ಸಂಘಕ್ಕೆ ನೀವೊಬ್ಬರೇ ತಲೆಯಲ್ಲ. ಎರಡರಲ್ಲಿ ಯಾವುದು ಅಂತ ಹೇಳಿ. ಇದು ನಮ್ಮೆಲ್ಲರ ಹೊಟ್ಟೆಗೂ ತಟ್ಟಿದ ವಿಷಯ, ಹಾಗಾಗಿ ಎಲ್ಲರೂ ಕೇಳುತ್ತಾ...”

ಅಲ್ಲಿಗೆ ಆಸ್ವಾಲ್ಡ್ ಎದ್ದರು. ವಾಕ್ಯವನ್ನು ಅರ್ಧದಲ್ಲೇ ಬಿಟ್ಟು, ಬೆನ್ನು ನೆಟ್ಟಗೆ ಮಾಡಿ, ಯಾರ ಮುಖವನ್ನೂ ನೋಡದೆ, ಗಂಭೀರವಾದ ಸಣ್ಣ ಸಣ್ಣ ಹೆಜ್ಜೆಗಳಲ್ಲಿ ಕೋಣೆಯಿಂದ ಹೊರಗೆ ಹೋದರು. ಉತ್ತರಕ್ಕೆ ಕಾಯಲಿಲ್ಲ, ಗೆಲುವಿನ ಕಡೆ ತಿರುಗಿಯೂ ನೋಡಲಿಲ್ಲ. ರಘುನಂದನನ ಕಣ್ಣಲ್ಲಿ ನೀರು ಬಂತು. ನಿರಂಕುಶ ಪ್ರಭುವಿನ ಎದುರು ಪ್ರಶ್ನೆಯನ್ನು ಇಟ್ಟು ಬೆನ್ನು ತಿರುಗಿಸುವುದು! ಏಳು ಶತಮಾನದ ಹಿಂದಿನ ಮಠಗಳ ಗಂಟೆಗಳೆಲ್ಲ ಅವನ ಕಿವಿಯಲ್ಲಿ ಮೊಳಗಿದವು.

ಅಧ್ಯಕ್ಷರು ಚೌಕಾಸಿ ಮಾಡೋಣವೆಂದರೆ ಎದುರಾಳಿಯ ಕುರ್ಚಿ ಖಾಲಿ. ಅವರು ಕಮಿಟಿಯ ಮುಖಗಳನ್ನು ನೋಡಿದರು. ಹತ್ತು ವರ್ಷ ನೆಲ ನೋಡಿದ್ದ ಕಣ್ಣುಗಳು ಹೊಟ್ಟೆನೋವಿನ ಸಿಟ್ಟಿನಲ್ಲಿ ಅವರನ್ನೇ ನೋಡುತ್ತಿದ್ದವು.

“ಹೇಳಿ ಅಧ್ಯಕ್ಷರೇ, ತಲೆ ನೀವೊಬ್ಬರೇ ಹೌದೋ ಅಲ್ವೋ?” ಎಂದಳು ಜಲಜಾಕ್ಷಿ, ಸೆರಗಿನ ಒಳಗಿಂದ. “ಬೇಗ ಹೇಳಿ. ನನಗೂ ಹೋಗಬೇಕು.”

ಅಹಂಕಾರಕ್ಕೂ ಅಪವಾದಕ್ಕೂ ನಡುವೆ ಆರಿಸಿಕೊಳ್ಳಬೇಕಾದಾಗ ಅಂಥ ಮನುಷ್ಯ ಏನನ್ನು ಆರಿಸುತ್ತಾನೆ ಎಂದು ಆಸ್ವಾಲ್ಡರ ಸನ್ಯಾಸಿಗಳಿಗೆ ಚೆನ್ನಾಗಿ ಗೊತ್ತಿದ್ದಿರಬೇಕು. ಅಧ್ಯಕ್ಷರು ಎದೆಯುಬ್ಬಿಸಿದರು. “ಈ ಸಂಘಕ್ಕೆ ತಲೆ ಒಂದೇ, ಅದು ನಾನು! ಜವಾಬ್ದಾರಿ ಪೂರ್ತಿ ನಂದೇ! ಇನ್ನೊಬ್ಬ ಯಾರಿಗೂ ಅದರಲ್ಲಿ ಪಾಲಿಲ್ಲ. ಬರ್ಕೊಳ್ರೀ ರಘುನಂದನ.”

ರಘುನಂದನ ಬರೆದುಕೊಂಡ. ಅಡುಗೆಯವನ ತಪ್ಪಿಲ್ಲ ಎಂದೂ, ಕೆಲಸ ಮುಂದುವರಿಯುತ್ತದೆ ಎಂದೂ, ಅಧ್ಯಕ್ಷರು ಹೇಳಿದ ವೇಗಕ್ಕಿಂತ ವೇಗವಾಗಿ ಬರೆದು ಸಹಿ ಹಾಕಿಸಿದ. ಶೀನಪ್ಪ ಚಪ್ಪಲಿ ಸ್ಟ್ಯಾಂಡಿನ ಪಕ್ಕದಲ್ಲೇ ಕುಸಿದು ಕೂತು ಮುಖ ಮುಚ್ಚಿಕೊಂಡ. ಆಮೇಲೆ ಎದ್ದು, ಜಮಖಾನೆಯ ಮೇಲೆ ಬಿದ್ದಿದ್ದ ಖರ್ಜೂರದ ಬೀಜವನ್ನು ಹೆಕ್ಕಿ ಕಸದ ಬುಟ್ಟಿಗೆ ಹಾಕಿದ; ಅಭ್ಯಾಸಬಲ.

ಇಷ್ಟಕ್ಕೇ ಮುಗಿದಿದ್ದರೆ ಧರ್ಮ ಗೆದ್ದಿತೆಂದು ಮಂಗಳ ಹಾಡಬಹುದಿತ್ತು. ಆದರೆ ಕಮಿಟಿ ಎಂಬುದು ಕಮಿಟಿಯೇ. ಮುಂದಿನ ತಿಂಗಳ ಸಭೆಯಲ್ಲಿ, ಇಷ್ಟು ದೊಡ್ಡ ನೈತಿಕ ಜವಾಬ್ದಾರಿಯನ್ನು ಒಬ್ಬರೇ ಹೊತ್ತ ಅಧ್ಯಕ್ಷರಿಗೆ ಸನ್ಮಾನವಾಗಬೇಕು ಎಂದು ಯಾರೋ ಸೂಚಿಸಿದರು, ಯಾರೋ ಅನುಮೋದಿಸಿದರು. ಶಾಲು ತಂದರು. ಅಧ್ಯಕ್ಷರು ಹೆಬ್ಬೆರಳು ನೆಕ್ಕಿಕೊಂಡು ಭಾಷಣದ ಹಾಳೆ ತಿರುವಿದರು. ರಘುನಂದನ ಈ ಸಲ ಚಪ್ಪಾಳೆ ತಟ್ಟಲಿಲ್ಲ, ಕೈಗಳನ್ನು ಜೇಬಿನಲ್ಲಿಟ್ಟುಕೊಂಡ. ಅದು ಅವನ ಬಂಡಾಯ. ಚಿಕ್ಕವಳ ಸೀಟು ಇನ್ನೂ ಆಗಿರಲಿಲ್ಲ.

ಅವನ ಹೇಸಿಗೆಗೆ ಉಳಿದಿದ್ದ ಮದ್ದು ಒಂದೇ, ಆಸ್ವಾಲ್ಡರ ಪುರಾಣ. ಅದನ್ನು ಅವನು ಸಿಕ್ಕಸಿಕ್ಕಲ್ಲಿ ಹೇಳಿದ. ಆ ನಿರ್ಗಮನದ ಭಾಗ ಬಂದಾಗಲೆಲ್ಲ ಎದ್ದು ನಿಂತು ನಡೆದು ತೋರಿಸುತ್ತಿದ್ದ. ಮುಹೈಸ್ನಾದ ಕ್ಯಾಂಪಿನಲ್ಲಿ ಶೀನಪ್ಪನೂ, ತಾಳಮದ್ದಳೆಯಲ್ಲಿ ಎರಡೂ ವೇಷದ ಅರ್ಥವನ್ನು ಒಬ್ಬರೇ ಹೇಳಿದ ಹಾಗಿತ್ತು ಎಂದು ಊಟಕ್ಕೆ ಕೂತವರಿಗೆ ಬಡಿಸುತ್ತಿದ್ದ.

ಒಂದು ಸಂಜೆ ಕಾರ್ನಿಶ್‌ನಲ್ಲಿ ರಘುನಂದನ ಧೈರ್ಯ ಮಾಡಿ ಕೇಳಿಯೇಬಿಟ್ಟ. ಎಮಿಲಿಯಾ ಕೂಡ ಜತೆಗಿದ್ದರು, ಹುರಿಗಡಲೆ ತಿನ್ನುತ್ತಾ.

“ಸಾರ್, ಯಾವತ್ತೂ ಒಂಬತ್ತು ಆಕ್ಷೇಪ ಹೇಳೋರು ಅವತ್ತು ಮೂರಕ್ಕೇ ನಿಲ್ಲಿಸಿದ್ರಿ. ತಡವಾದ ನ್ಯಾಯ ನ್ಯಾಯವಲ್ಲ ಅಂತ ತಾನೇ? ಮಾತನ್ನ ಅರ್ಧಕ್ಕೆ ಬಿಟ್ಟು ಎದ್ದು ಹೋದ್ರಿ. ಪ್ರಭುವಿಗೆ ಅವನ ಆತ್ಮಸಾಕ್ಷಿಯೊಂದಿಗೆ ಒಂಟಿಯಾಗಿ ಇರೋಕೆ ಬಿಡಬೇಕು ಅಂತ ಆ ದಪ್ಪ ಸನ್ಯಾಸಿ ಎಲ್ಲಾದರೂ ಹೇಳಿದಾನಾ? ಅದು ಯಾವ ತತ್ವ ಸಾರ್?”

ಆಸ್ವಾಲ್ಡ್ ನಿಂತರು. ಕಣ್ಣು ಅರ್ಧ ಮುಚ್ಚಿದರು. ಹೆಬ್ಬೆರಳು ಕಿರುಬೆರಳಿನ ಬುಡಕ್ಕೆ ಹೋಯಿತು. “ನೀವು ಹೇಳುವುದು ಹೀಗೆ, ಅಲ್ವಾ...” ಎಂದು ಶುರು ಮಾಡಿ, ಎಮಿಲಿಯಾ ಅವರ ಮುಖ ನೋಡಿ, ಕೈ ಕೆಳಗಿಳಿಸಿದರು.

“ಎಂತ ತತ್ವವೂ ಇಲ್ಲ ಮಾರಾಯ್ರೆ. ಆ ಕೊದ್ದೆಲ್ ನಾನೂ ಎರಡು ಸೌಟು ತಿಂದಿದ್ದೆ.”